ಗಿಡ್ಡಮ್ಮನ ವಸುಧಾ

ನಂಗೆ ಸಿಟ್ಟು ಮೂಗಿನ ತುದೀಲೇ ಐತೆ. ಮಾದಿಹಳ್ಳೀಲಿ ಬಸ್ ಇಳಿದು ಜಾನಕಮ್ಮನ ಮನೆ ಎಲ್ಲಿ ಅಂತ ಕೇಳಿ ನೋಡಿ, ದಾರಿ ತೋರಿಸ್ತಾರೆ, ಜೊತೆಗೆ "ಸ್ವಲ್ಪ ಹುಷಾರು" ಅಂತಾನೂ ಅಂತಾರೆ. ಇಷ್ಟು ವರ್ಷ ಅದಕ್ಕೆ ನಂಗೇನೂ ಬೇಜಾರಿರ್ಲಿಲ್ಲ. ಆದ್ರೆ ಹೋದ ಕಾರ್ತೀಕದಲ್ಲಿ ನನ್ನ ಈ ಹಾಳು ಸಿಟ್ಟಿಂದ ಗಿಡ್ಡಮ್ಮನ ಅನ್ನಕ್ಕೇ ಕಲ್ಲು ಬೀಳೋದ್ರಲ್ಲಿತ್ತು. ನೀವು ನಮ್ಮೂರೋರಲ್ಲ ಅಂತ ಹೇಳ್ತಾ ಇದೀನಿ. ನಮ್ಮೂರ ಕಡೆ ಬಂದ್ರೆ ಇದರ ಬಗ್ಗೆ ಬಾಯಿ ಬಿಡ್ಬೇಡಿ, ಆಣೆ ಐತೆ.

ಮೊದ್ಲು ನಮ್ಮ ಡೈರಿ ಹೊತ್ತು ಹೇಳ್ಬೇಕು. ಸಂಜೆ ಹಾಲು ಹಾಕೋದು ಆರೂವರೆಯಿಂದ ಏಳೂವರೆವರೆಗೆ. "ಎರಡು ಬಾಗಿಲು" ಅನ್ನೋ ಸೀರಿಯಲ್ ಬರೋದು ಸರಿಯಾಗಿ ಏಳು ಗಂಟೆಗೆ. ಆ ಚಾನೆಲ್ಲೋರ ಕಣ್ಣಿಗೆ ಹಸು ಕಟ್ಟಿರೋ ಹೆಂಗಸ್ರು ಹೆಂಗಸ್ರೇ ಅಲ್ಲ! ಭಾನುವಾರ ಮಧ್ಯಾಹ್ನ ವಾರದ್ದೆಲ್ಲ ಒಟ್ಟಿಗೆ ಹಾಕ್ತಾರೆ, ಆವಾಗ ನಮಗೆ ಬಟ್ಟೆ ಒಗೆಯೋದು, ಹಸು ತೊಳೆಯೋದು. ಫೋನಲ್ಲೂ ಸಿಗ್ತದಂತೆ, ಫೋನು ಮಕ್ಕಳ ಕೈ ಬಿಟ್ಟು ಬಂದ್ರೆ ತಾನೆ. ನಿಜ ಹೇಳ್ಬೇಕು ಅಂದ್ರೆ ನಮಗೆ ಅದನ್ನ ನೋಡೋ ಅಗತ್ಯಾನೇ ಇರ್ಲಿಲ್ಲ. ಗಿಡ್ಡಮ್ಮ ಇದ್ಲಲ್ಲ.

ಗಿಡ್ಡಮ್ಮ ನನ್ನ ಪಕ್ಕದ ಮನೆಯೋಳು. ತವರು ಬಸ್ತಿಹಳ್ಳಿ, ಗಂಡ ಹೋಗಿ ಹನ್ನೆರಡು ವರ್ಷ ಆಯ್ತು, ಮಗಳನ್ನ ಬೇಲೂರಿಗೆ ಕೊಟ್ಟವ್ಳೆ. ನಮ್ಮೂರ ಸ್ಕೂಲಲ್ಲಿ ಬಿಸಿಯೂಟದ ಅಡುಗೆ ಅವಳದ್ದೇ, ಕೈ ಜೋಡಿಸೋಕೆ ಇನ್ನೊಬ್ಬಳು. ಅವಳ ಕೈ ಸೊಪ್ಪಿನ ಸಾರು ತಿಂದ ಮಕ್ಕಳು ಮನೇಲಿ ನಮ್ಮ ಸಾರಿಗೆ ಮಖ ಮುರೀತವೆ. ಇರೋದು ಒಂದು ನಾಟಿ ಹಸು. ಬೆಳಗ್ಗೆ ಹಾಲು ಮಾತ್ರ ಡೈರಿಗೆ, ಸಂಜೇದು ಮನೆಗೆ. ಅದ್ಕೆ ಏಳು ಗಂಟೆಗೆ ಟೀವಿ ಮುಂದೆ ಕೂರೋ ಭಾಗ್ಯ ಅವಳಿಗೊಬ್ಬಳಿಗೇ.

ಮಾರನೇ ದಿನ ಬೆಳಗ್ಗೆ ಆರು ಗಂಟೆಗೆ ಡೈರಿ ಮುಂದೆ ಕ್ಯಾನುಗಳನ್ನ ಸಾಲಾಗಿ ಇಟ್ಟು ನಾವು ಜಗಲಿ ಮೇಲೆ ಕೂತ್ಕತಿದ್ವಿ. ಗಿಡ್ಡಮ್ಮ ನಮ್ಮ ಮುಂದೆ ನಿಂತ್ಕಂಡು ಶುರು ಮಾಡೋಳು. ವಸುಧಾ ಅಂತ ಒಬ್ಬಳು ಸೊಸೆ. ದೊಡ್ಡ ಮನೆ. ಮುಂಬಾಗಿಲಿಂದ ನೋಡಿದ್ರೆ ಹೂವು ಮುಡ್ಕಂಡು, ತಲೆ ತಗ್ಗಿಸ್ಕಂಡು ಅತ್ತೆಗೆ ಕಾಫಿ ಕೊಡೋ ಹುಡುಗಿ. ಹನ್ನೊಂದು ಗಂಟೆಗೆ ಹಿತ್ತಲ ಬಾಗಿಲಿಂದ ಆಚೆ ಬಿದ್ಲು ಅಂದ್ರೆ ಮುಗೀತು, ಆಟೋದಲ್ಲೇ ಕರೀ ಕೋಟು ಹಾಕ್ಕಂಡು ಕೋರ್ಟಲ್ಲಿ ವಾದ ಮಾಡೋ ಲಾಯರಮ್ಮ. ಮನೇಲಿ ಒಬ್ರಿಗೂ ಗೊತ್ತಿಲ್ಲ. ಜಡ್ಜು ಹೆಂಗೆ ಕನ್ನಡಕದ ಮೇಲಿಂದ ನೋಡಿದ, ಇವಳು ಹೆಂಗೆ ಕೈ ಮುಗಿದು "ಮಾಸ್ವಾಮಿ" ಅಂದ್ಲು, ಎಲ್ಲಾ ಮಾಡಿ ತೋರಿಸೋಳು. ಯಾರಾದ್ರೂ "ಅಯ್ಯೋ ಪಾಪ, ಅತ್ತೆ ಮುಂದೆ ಅತ್ಲಾ?" ಅಂತ ಲೊಚಗುಟ್ಟಿದ್ರೆ, "ಮರುಗ್ಬೇಡಿ ಕಣ್ರೇ! ಅವಳು ಅಳೋದೆಲ್ಲ ನಾಟಕ. ಅತ್ತೆ ಮುಂದೆ ಕಣ್ಣೀರು, ಸೆರಗಿನ ಮರೇಲಿ ನಗು" ಅನ್ನೋಳು.

ವಸುಧಾ ಅಂದ್ರೆ ನಮಗೆ ನಮ್ಮನೆ ಮಗಳಿದ್ದಂಗೆ ಆಗಿದ್ಲು. ರಮಾ ಅಂತ ನಮ್ಮ ಬೀದೀಲಿ ಒಬ್ಬಳು, ಉಮಾಶಂಕರನ ಹೆಂಡ್ತಿ, ಪಿಯುಸಿ ಓದಿದೋಳು. ಸ್ಕೂಲ್ ಕಮಿಟಿಗೆ ನಿಂತ್ಕಳಮ್ಮ ಅಂದ್ರೆ ಹೆದರ್ಕಂಡು ಒಳಗೆ ಸೇರ್ಕಂಡಿದ್ಲು. "ವಸುಧಾ ಆಗಿದ್ರೆ ನಿಂತ್ಕತಿದ್ಲು" ಅಂತ ಗಿಡ್ಡಮ್ಮ ಒಂದೇ ಒಂದು ಮಾತಂದ್ಲು, ಅವತ್ತೇ ಹೋಗಿ ಹೆಸರು ಕೊಟ್ಟು ಮೆಂಬರ್ ಆದ್ಲು. ಈಗ ಮೀಟಿಂಗಲ್ಲಿ ಅವಳ ಬಾಯಿ ಮುಂದೆ ಗಂಡಸ್ರು ಕಿಟಕಿ ಕಡೆ ನೋಡ್ತಾ ಕೂರ್ತಾರೆ.

ಹೆಡ್‌ಮಾಸ್ಟ್ರು ಮೋಹನ್‌ಕುಮಾರೂ ಅರ್ಧ ಲೀಟರ್ ಹಾಲಿಗೆ ಅದೇ ಸಾಲಿಗೆ ಬರೋರು. ಆ ಜೂನಲ್ಲಿ ಅವರು ಇದ್ದಕ್ಕಿದ್ದಂಗೆ ಮೀಸೆ ತೆಗೆಸ್ಬಿಟ್ರು. ಎಂಥಾ ಮೀಸೆ ಅಂತೀರಿ, ತುಟಿ ಮುಚ್ಚೋ ಹಂಗಿತ್ತು! ನಾನು ಸುಮ್ನಿರ್ತೀನಾ? "ಏನ್ ಮೇಷ್ಟ್ರೇ, ಮೀಸೆ ಇದ್ದಾಗ ಇನ್ಸ್‌ಪೆಕ್ಟರ್ ಇದ್ದಂಗಿದ್ರಿ, ಈಗ ಸಿಪ್ಪೆ ಸುಲಿದ ಆಲೂಗಡ್ಡೆ ಆಗ್ಬಿಟ್ರಲ್ಲ" ಅಂದೆ. ಸಾಲೆಲ್ಲ ಬಿದ್ದು ಬಿದ್ದು ನಕ್ತು. ಅವರೂ ನಕ್ಕು ಹಾಲು ತಗಂಡು ಹೋದ್ರು.

ಕಾರ್ತೀಕದಲ್ಲಿ ನನ್ನ ಹಸು ತುಂಬು ಗಬ್ಬ ಅಂತ ಹಾಲು ಕರೆಯೋದು ನಿಲ್ಲಿಸ್ದೆ. ಮೊದಲ ಸಲ ಸಂಜೆ ಏಳು ಗಂಟೆಗೆ ಕೈ ಖಾಲಿ. ನಮ್ಮೆಜಮಾನ್ರು ಜವರಪ್ಪನ ಕೈಯಿಂದ ರಿಮೋಟ್ ಕಿತ್ಕಂಡು ಶುಕ್ರವಾರ "ಎರಡು ಬಾಗಿಲು" ಹಾಕಿ ಕೂತೆ. ನೋಡ್ತೀನಿ, ಅದೇ ವಸುಧಾ, ಅದೇ ಕರೀ ಕೋಟು. ಆದ್ರೆ ಲಾಯರೂ ಅಲ್ಲ, ಮಣ್ಣೂ ಅಲ್ಲ! ಒಂದು ದೊಡ್ಡ ಹೋಟೆಲಲ್ಲಿ ಬಂದೋರಿಗೆ ಕೈ ಮುಗಿದು ರೂಮಿನ ಬೀಗದಕೈ ಕೊಡೋ ಕೆಲಸ. ಜಡ್ಜು ಅಂತ ಗಿಡ್ಡಮ್ಮ ಹೇಳ್ತಿದ್ದೋನು ಎತ್ತರದ ಕೌಂಟರ್ ಹಿಂದೆ ಕೂತ ಹೋಟೆಲ್ ಓನರು. ಇವಳೋ ಬೆಳಗ್ಗೆಯಿಂದ ಸಂಜೆವರೆಗೆ ಅಳೋದೇ. ಕೊನೇಲಿ ಅತ್ತೆ ಕಾಲಿಗೆ ಬಿದ್ದು, "ತಪ್ಪಾಯ್ತು, ಇನ್ಮೇಲೆ ಹೊಸ್ತಿಲು ದಾಟಲ್ಲ" ಅಂತ ಗೋಳಾಡಿದ್ಲು.

ನಂಗೆ ಮೈಯೆಲ್ಲ ಉರಿದುಹೋಯ್ತು. ಐದು ತಿಂಗಳು! ಐದು ತಿಂಗಳಿಂದ ಈ ಗಿಡ್ಡಮ್ಮ ನಮ್ಮ ತಲೆ ಮೇಲೆ ಮೆಣಸು ಅರೆದವ್ಳೆ. ಶನಿವಾರ ಬೆಳಗ್ಗೆ ಹಾಕೋಕೆ ಹಾಲಿಲ್ದಿದ್ರೂ ಡೈರಿಗೆ ಹೋದೆ.

ಗಿಡ್ಡಮ್ಮ ಶುರು ಮಾಡಿದ್ಲು. "ನಿನ್ನೆ ಏನಾಯ್ತು ಗೊತ್ತಾ? ಬೀರು ಬೀಗದಕೈ ಅತ್ತೆ ಕಾಲ ಹತ್ರ ಬಿದ್ದಿತ್ತು. ಅದ್ರಲ್ಲೇ ಐತೆ ಕೇಸಿನ ಕಾಗದ. ಇವಳು ಕಾಲಿಗೆ ಬಿದ್ದಂಗೆ ಬಗ್ಗಿ, ಗೋಳೋ ಅಂತ ಅಳ್ತಾ, ಬೀಗದಕೈ ಬಳೆ ಒಳಗೆ ಸೇರಿಸ್ಕಂಡ್ಬಿಟ್ಲು!"

"ಸುಳ್ಳು!" ಅಂತ ಎದ್ದು ನಿಂತೆ. "ಎಲ್ಲಾ ಸುಳ್ಳು ಕಣ್ರೇ. ಇವಳು ಕಟ್ಟಿ ಹೇಳ್ತಾವ್ಳೆ. ನಾಳೆ ಮಧ್ಯಾಹ್ನ ಎಲ್ಲಾ ನಮ್ಮನೆಗೆ ಬನ್ನಿ, ವಾರದ್ದೆಲ್ಲ ಹಾಕ್ತಾರೆ. ಕಣ್ಣಾರೆ ನೋಡಿ. ಗಿಡ್ಡಮ್ಮ, ನೀನೂ ಬರ್ಬೇಕು!"

ಗಿಡ್ಡಮ್ಮ ನನ್ನ ಮಖ ನೋಡಿ, ಆಮೇಲೆ ಎಲ್ಲರ ಮಖ ನೋಡಿ, ಮೆಲ್ಲಗೆ ನಕ್ಕು, "ಆಯ್ತು, ಬತ್ತೀನಿ" ಅಂದ್ಲು. ಆ ನಗು ನೋಡಿ ನಂಗೆ ಇನ್ನೂ ರೇಗಿಹೋಯ್ತು. ಎಷ್ಟು ಕೊಬ್ಬು ಅಂದ್ಕಂಡೆ.

ಭಾನುವಾರದವರೆಗೆ ಕಾಯೋಕೆ ನನ್ನ ಕೈಲಿ ಆಗ್ಲಿಲ್ಲ. ಶನಿವಾರ ಸಂಜೆ ಏಳು ಗಂಟೆಗೆ ಸೀದಾ ಅವಳ ಮನೆಗೇ ಹೋದೆ, ಅದೇನು ನೋಡ್ತಾಳೋ ನೋಡೇ ಬಿಡೋಣ ಅಂತ. ಬಾಗಿಲು ತೆಗೆದಿತ್ತು. ಗಿಡ್ಡಮ್ಮ ನನಗೆ ಬೆನ್ನು ಹಾಕಿ, ಮೊಣಕಾಲು ಕಟ್ಕಂಡು ಟೀವಿ ಮುಂದೆ ಕೂತಿದ್ಲು. ಟೀವೀಲಿ ವಸುಧಾ ಬಾಯಿ ಆಡಿಸ್ತಾವ್ಳೆ. ಸದ್ದೇ ಇಲ್ಲ.

"ಗಿಡ್ಡಮ್ಮಾ" ಅಂದೆ. ಅಲ್ಲಾಡ್ಲಿಲ್ಲ. "ಏಯ್ ಗಿಡ್ಡಮ್ಮ, ಕೂಗ್ತಿರೋದು ಕೇಳ್ಸಲ್ವಾ, ಸುಳ್ಳಿ!" ಅಂತ ಕಿರಿಚ್ದೆ. ಪಕ್ಕದಲ್ಲಿದ್ದ ಹಿತ್ತಾಳೆ ಚೊಂಬು ನನ್ನ ಕಾಲು ತಾಗಿ ಉರುಳಿ, ಬಾಗಿಲವರೆಗೆ ಸದ್ದು ಮಾಡ್ಕಂಡು ಹೋಯ್ತು. ಅವಳ ಕಿವಿ ಮೇಲಿನ ಒಂದು ಕೂದಲೂ ಅಲ್ಲಾಡ್ಲಿಲ್ಲ.

ಅಷ್ಟರಲ್ಲಿ ಟೀವಿ ಒಂದು ಗಳಿಗೆ ಕಪ್ಪಾಯ್ತು, ಗಾಜಿನಲ್ಲಿ ನನ್ನ ನೆರಳು ಕಾಣಿಸ್ತೇನೋ, ತಿರುಗಿ ನೋಡಿದ್ಲು. "ಬಾ ಜಾನಕೀ, ಕೂತ್ಕ" ಅಂದ್ಲು. ನಾನು ಕೂರ್ಲಿಲ್ಲ. ಕಿವಿ ಮುಟ್ಟಿ ತೋರಿಸಿ, "ಯಾವಾಗಿಂದ?" ಅಂದೆ.

ಅವಳ ನಗು ಅಲ್ಲೇ ನಿಂತುಹೋಯ್ತು. ಎದ್ದು ಮೊದ್ಲು ಬಾಗಿಲು ಹಾಕಿದ್ಲು.

ಎರಡು ವರ್ಷದ ಹಿಂದೆ ಒಂದು ವಿಷಮ ಜ್ವರ ಬಂದಿತ್ತಲ್ಲ, ಆಮೇಲೆ ಎಡಗಿವಿ ಹೋಯ್ತಂತೆ. ತಿಂಗಳು ತುಂಬೋದ್ರೊಳಗೆ ಬಲಗಿವಿ. ಅರಸೀಕೆರೇಲಿ ಅಕ್ಕನ ಮಗಳ ಮನೆಗೆ ಹೋಗಿದ್ದಾಗ ಡಾಕ್ಟ್ರಿಗೆ ತೋರಿಸವ್ಳೆ. ನರ ಹೋಗೈತೆ, ಮಿಷನ್ ಹಾಕಿದ್ರೆ ಸದ್ದು ಬರ್ತದೆ, ಮಾತು ತಿಳಿಯಲ್ಲ ಅಂದ್ರಂತೆ. ಬಾಯಿ ಆಡೋದನ್ನ ನೋಡ್ಕಂಡು ನೋಡ್ಕಂಡು ಮಾತು ಹಿಡಿಯೋದು ಕಲ್ತವ್ಳೆ. "ಹೆಂಗಸ್ರದ್ದು, ಮಕ್ಕಳದ್ದು ಸಿಗ್ತದೆ ಕಣೇ. ಮೀಸೆ ಗಂಡಸ್ರದ್ದು ಸಿಗಲ್ಲ. ಟೀವಿಯೋರದ್ದು ಬಲು ಕಷ್ಟ, ಅರ್ಧಕ್ಕೇ ಮಖ ಬದಲಾಗೋಯ್ತದೆ. ಮಿಕ್ಕಿದ್ದು ನಾನೇ ಹಾಕ್ಕತೀನಿ." ಟೀವಿ ಸೌಂಡ್ ಎಷ್ಟಿದೆ ಅಂತ ತಿಳಿಯಲ್ವಲ್ಲ, ಜೋರಾಗಿದ್ರೆ ಯಾರಾದ್ರೂ ಬಂದು ಕೇಳ್ತಾರೆ ಅಂತ ಪೂರ್ತಿ ಕಮ್ಮಿ ಮಾಡಿ ಇಟ್ಟಿದ್ಲು.

"ಮತ್ತೆ ಡೈರೀಲಿ ದಿನಾ ಕಥೆ ಹೇಳೋ ಉಸಾಬರಿ ಯಾಕೆ?" ಅಂದೆ.

"ನಾನೇ ಮಾತಾಡ್ತಾ ಇದ್ರೆ ನನ್ನ ಯಾರೂ ಏನೂ ಕೇಳಲ್ವಲ್ಲ" ಅಂದ್ಲು.

ಮೂವತ್ತು ವರ್ಷದಿಂದ ಅಕ್ಕಪಕ್ಕದ ಗೋಡೆ ನಮ್ದು. ಎರಡು ವರ್ಷದಿಂದ ನಂಗೆ ಗೊತ್ತಾಗಿಲ್ಲ. ಗೊತ್ತಾಗೋದು ಹೆಂಗೆ, ನಾನು ಮಾತಾಡೋಕೆ ಶುರು ಮಾಡಿದ್ರೆ ಎದುರಿಗಿರೋರಿಗೆ ಉತ್ತರ ಕೊಡೋಕೆ ಬಿಟ್ರೆ ತಾನೆ.

"ಕುಕ್ಕರ್ ಹೆಂಗೆ ನೋಡ್ಕತೀಯ?" ಅಂದೆ. ಕೂಗಿದಾಗ ವೆಯ್ಟು ಎದ್ದು ಕುಣೀತದೆ, ಅದರ ಮೇಲೆ ಒಂದು ಕಣ್ಣಂತೆ. ಸಾರು ಕುದಿಯೋದು ಸೌಟಿನ ಹಿಡಿಯಲ್ಲೇ ಕೈಗೆ ಗೊತ್ತಾಗ್ತದಂತೆ. ಎರಡು ವರ್ಷ ಒಂದು ದಿನ ಸೀದಿಲ್ಲ, ಒಂದು ಮಗುಗೆ ಬಿಸಿ ತಾಗಿಲ್ಲ. ಆಚೆ ಯಾವುದೋ ಊರಲ್ಲಿ ಕಣ್ಣು ಮಂಜಾಯ್ತು ಅಂತ ಅಡುಗೆಯೋಳನ್ನ ಬಿಡಿಸಿದ್ರಂತೆ. "ಕಿವುಡಿ ಅಂತ ಗೊತ್ತಾದ್ರೆ ನನ್ನ ಗ್ಯಾಸ್ ಒಲೆ ಹತ್ರ ಬಿಡ್ತಾರಾ ಜಾನಕೀ? ಆ ಮಕ್ಕಳ ಮಖ ನೋಡ್ದೆ ನಾನು ಹಗಲೆಲ್ಲ ಮನೇಲಿ ಏನ್ ಮಾಡ್ಲಿ?" ಅಂದ್ಲು. ಆವಾಗ ಮಾತ್ರ ಅವಳ ಕಣ್ಣಲ್ಲಿ ನೀರು ಬಂತು. ಅದು ನಾಟಕ ಆಗಿರ್ಲಿಲ್ಲ.

"ನಾಳೆ ನೀನು ಬರ್ಬೇಡ. ಹುಷಾರಿಲ್ಲ ಅಂತ ಹೇಳ್ತೀನಿ" ಅಂದೆ.

"ಬರ್ದಿದ್ರೆ ಸುಳ್ಳಿ ಅಂತಾರೆ. ಬತ್ತೀನಿ" ಅಂದ್ಲು. ಗಟ್ಟಿಗಿತ್ತಿ ಅಂದ್ರೆ ಗಟ್ಟಿಗಿತ್ತಿ, ಏನ್ ಧೈರ್ಯ ಅಂತೀರಿ!

ಕರೆದೋಳು ನಾನೇ. ಕಿರಿಚಿದೋಳೂ ನಾನೇ. ಭಾನುವಾರ ಬೆಳಗ್ಗೆ ಒಂದು ಉಪಾಯ ಹೊಳೀತು. ಮಧ್ಯಾಹ್ನ ಏಳು ಜನ ಬರೋ ಹೊತ್ತಿಗೆ ಟೀವಿ ಹಚ್ಚಿ, ಸೌಂಡ್ ಮುಚ್ಚೋ ಬಟನ್ ಒತ್ತಿ, ರಿಮೋಟನ್ನ ಅಕ್ಕಿ ಡಬ್ಬದೊಳಗೆ ಹೂತೆ. "ಹಾಳಾದ ಟೀವಿ, ಸೌಂಡೇ ಹೊರಟೋಗೈತೆ ಕಣ್ರೇ" ಅಂತ ಹಣೆ ಚಚ್ಕಂಡೆ. "ಏನ್ ಮಾಡೋದು, ಗಿಡ್ಡಮ್ಮ, ನೀನೇ ಹೇಳು."

ಗಿಡ್ಡಮ್ಮ ಟೀವಿ ಪಕ್ಕ ಓರೆಯಾಗಿ ನಿಂತ್ಕಂಡ್ಲು, ಟೀವೀನೂ ಕಾಣ್ಬೇಕು, ನಮ್ಮ ಮಖಾನೂ ಕಾಣ್ಬೇಕು ಹಂಗೆ. ಅಬ್ಬಬ್ಬಾ! ಅತ್ತೆ ಬಾಯಿ ತೆಗೆದ್ರೆ ಅತ್ತೆ ಮಾತು, ಮಾವ ತೆಗೆದ್ರೆ ಮಾವನ ಮಾತು, ಹೋಟೆಲ್ ಓನರು ಕೌಂಟರ್ ಹಿಂದೆ ಬೆರಳೆತ್ತಿದ್ರೆ "ಆರ್ಡರ್! ಆರ್ಡರ್!" ನಿಜವಾದ ಮಾತು ಕಿವಿಯಾರೆ ಕೇಳಿದ್ದ ನನಗೇ ಗಿಡ್ಡಮ್ಮ ಹೇಳೋದೇ ಸರಿ ಅನ್ನಿಸ್ತು. ವಸುಧಾ ಕಾಲಿಗೆ ಬಿದ್ದಾಗ ಬಳೆ ಜರುಗಿತು ನೋಡಿ, ಆವಾಗ ಏಳೂ ಜನ "ಬೀಗದಕೈ! ಬೀಗದಕೈ!" ಅಂತ ಚಪ್ಪಾಳೆ ಹೊಡೆದ್ರು.

"ನನ್ನದೇ ತಪ್ಪು. ನಾನು ಬೇರೆ ಯಾವುದೋ ಚಾನೆಲ್ ನೋಡಿ ಹಾರಾಡ್ದೆ" ಅಂದೆ. ಮದುವೆ ಆಗಿ ಬಂದ ಮೇಲೆ ಈ ಊರಲ್ಲಿ ನಾನು ತಪ್ಪು ಅಂತ ಒಪ್ಕಂಡಿದ್ದು ಅದೇ ಮೊದ್ಲು. ಎಲ್ಲಾ ಬಾಯಿ ಮೇಲೆ ಕೈ ಇಟ್ಕಂಡ್ರು.

ಆದ್ರೆ ಒಂದು ಮರ್ತಿದ್ದೆ. ಅಡುಗೆಮನೇಲಿ ಅವರೆಕಾಳಿಗೆ ಕುಕ್ಕರ್ ಇಟ್ಟಿದ್ದೆ. ಅದು ಕೂಗ್ತು. ನಮ್ಮ ಕಡೆ ಹೆಂಗಸ್ರು ಯಾರ ಮನೇಲಿ ಕೂತಿರ್ಲಿ, ಕುಕ್ಕರ್ ಕೂಗಿದ್ರೆ ತಲೆ ತಿರುಗಿಸಿ ಮನಸ್ಸಲ್ಲೇ ಎಣಿಸ್ತಾರೆ. ಒಂದು, ಎರಡು, ಮೂರು, ನಾಲ್ಕು. ಏಳು ತಲೆ ಒಟ್ಟಿಗೆ ಅಡುಗೆಮನೆ ಕಡೆ ತಿರುಗಿತು. ನಲವತ್ತಮೂರು ಮಕ್ಕಳಿಗೆ ದಿನಾ ಅಡುಗೆ ಮಾಡೋ ಗಿಡ್ಡಮ್ಮ ಮಾತ್ರ ಟೀವಿ ನೋಡ್ತಾ ಹೇಳ್ತಾನೇ ಇದ್ಲು. ನಾನು ಎದ್ದು ಓಡಿ ಒಲೆ ಆರಿಸಿ ಬರೋವಾಗ ರಮಾ ಗಿಡ್ಡಮ್ಮನ್ನೇ ನೋಡ್ತಾ ಇದ್ಲು. ಆಮೇಲೆ ಟೀವಿ ಮೂಲೇಲಿ, ಗೀಟು ಎಳೆದ ಸ್ಪೀಕರ್ ಗುರುತು ಇತ್ತಲ್ಲ, ಅದನ್ನ ನೋಡಿದ್ಲು. ಆಮೇಲೆ ನನ್ನ ನೋಡಿದ್ಲು.

ಹೋಗೋವಾಗ ಚಪ್ಪಲಿ ಹಾಕ್ಕತಾ, "ಜಾನಕಕ್ಕ, ನಾಳೆ ನಾನು ಸ್ಕೂಲಿಗೆ ಹೋಗ್ಬೇಕು. ನನ್ನ ಮಗಳು ಅಲ್ಲಿ ಉಣ್ಣೋದು" ಅಂದ್ಲು ಅಷ್ಟೆ. ಗಿಡ್ಡಮ್ಮನೇ ಧೈರ್ಯ ಹೇಳಿ ಕಮಿಟಿಗೆ ಕಳಿಸಿದ ಹುಡುಗಿ, ಈಗ ಗಿಡ್ಡಮ್ಮನ ಕೆಲಸಕ್ಕೇ ಕುತ್ತಾಗಿ ನಿಂತವ್ಳೆ. ತಪ್ಪು ಅಂತ ಹೆಂಗೆ ಹೇಳ್ಲಿ? ಮಗು ಹೆತ್ತೋಳು. ಆ ಜಾಗದಲ್ಲಿ ನಾನಿದ್ರೂ ಹೋಗ್ತಿದ್ದೆ.

ಸೋಮವಾರ ಬೆಳಗ್ಗೆ ಪ್ರಾರ್ಥನೆ ಮುಗಿಯೋ ಹೊತ್ತಿಗೆ ಏದುಸಿರು ಬಿಡ್ತಾ ಸ್ಕೂಲಿಗೆ ಹೋದೆ. ರಮಾ ಆಗ್ಲೇ ಮೇಷ್ಟ್ರ ರೂಮಲ್ಲಿ ಕೂತಿದ್ಲು. ನಾನು ಒಳಗೆ ನುಗ್ಗಿ, "ಮೇಷ್ಟ್ರೇ, ಇವಳು ಏನೇ ಹೇಳಿದ್ರೂ ನಂಬ್ಬೇಡಿ. ಗಿಡ್ಡಮ್ಮನ ಕಿವಿ ನನ್ನ ಕಿವಿಗಿಂತ ಚುರುಕು" ಅಂದೆ. ಅಂದ ಮೇಲೆ ಗೊತ್ತಾಯ್ತು, ರಮಾ ಇನ್ನೂ ಬಾಯೇ ಬಿಟ್ಟಿರ್ಲಿಲ್ಲ. ನಾಲಿಗೆ ಕಚ್ಕಂಡೆ. ಭೂಮಿ ಬಾಯಿ ಬಿಡಬಾರ್ದಾ ಅನ್ನಿಸ್ತು.

ಮೋಹನ್‌ಕುಮಾರ್ ಮೇಷ್ಟ್ರು ನಮ್ಮಿಬ್ಬರನ್ನೂ ನೋಡಿದ್ರು. ಬಾಗಿಲಿಗೆ ಹೋಗಿ ರಮಾನ ಮಗಳು ನಯನಾನ ಕರೆದ್ರು. ಎರಡನೇ ಕ್ಲಾಸಿನ ಮಗು, ಎರಡು ಜಡೆ ಹಾಕ್ಕಂಡು ಬಂದು ನಿಂತ್ಕಂಡ್ತು.

"ಅಡುಗೆಮನೇಲಿ ಗಿಡ್ಡಮ್ಮಜ್ಜೀನ ಹೆಂಗೆ ಕರೀಬೇಕು, ಹೇಳಮ್ಮ."

ನಯನಾ ಅಮ್ಮನ ನೋಡ್ತು, ಮೇಷ್ಟ್ರನ್ನ ನೋಡ್ತು, ತುಟಿ ಬಿಗಿ ಹಿಡೀತು.

"ಪರವಾಗಿಲ್ಲ, ಇವರು ಯಾರಿಗೂ ಹೇಳಲ್ಲ" ಅಂದ್ರು ಮೇಷ್ಟ್ರು.

"ಸೆರಗು ಎಳೀಬೇಕು. ಆಮೇಲೆ ಮುಂದೆ ನಿಂತ್ಕಂಡು ಹೇಳ್ಬೇಕು. ಹಿಂದಿಂದ ಕೂಗ್ಬಾರ್ದು" ಅಂತು ಮಗು.

"ಅಯ್ಯೋ ಇವಳಾ! ಮನೇಲಿ ಯಾಕೇ ಹೇಳ್ಲಿಲ್ಲ?" ಅಂದ್ಲು ರಮಾ.

"ಮನೇಲಿ ಹೇಳ್ಬಾರ್ದು. ಒಂದನೇ ಕ್ಲಾಸಿಗೆ ಸೇರಿದ ದಿನಾನೇ ದೊಡ್ಡ ಅಕ್ಕಂದಿರು ಎಲ್ಲರ ಹತ್ರಾನೂ ಆಣೆ ಹಾಕಿಸ್ಕತಾರೆ. ಅಜ್ಜಿಗೂ ಹೇಳ್ಬಾರ್ದು. ಹೇಳಿದ್ರೆ ಅಜ್ಜಿ ಬರೋದು ಬಿಟ್ಬಿಡ್ತಾಳೆ."

ಎರಡು ವರ್ಷ. ನಲವತ್ತಮೂರು ಮಕ್ಕಳು. ಮನೇಲಿ ಚಾಕ್ಲೇಟ್ ಕದ್ದಿದ್ದು ಮುಚ್ಚಿಡೋಕೆ ಬರ್ದೆ ಒಪ್ಪಿಸ್ಬಿಡೋ ಮಕ್ಕಳು! ನಂಗೆ ಅಲ್ಲೇ ಅಳು ಬಂತು, ತಡೀಲಿಲ್ಲ, ಅತ್ತುಬಿಟ್ಟೆ.

ಒಲೆ ಹತ್ರ ಇನ್ನೊಬ್ಬ ಅಡುಗೆಯಮ್ಮ ಯಾವಾಗ್ಲೂ ಇರೋ ಹಂಗೆ ನೋಡ್ಕಂಡಿದ್ದೀನಿ ಅಂತ ಮೇಷ್ಟ್ರು ರಮಾಗೆ ಹೇಳಿದ್ರು. ಹೋದ ವರ್ಷ ಗ್ಯಾಸ್ ಪೈಪು ಲೀಕ್ ಆದಾಗ ವಾಸನೆ ಹಿಡಿದು ಮಕ್ಕಳನ್ನೆಲ್ಲ ಆಚೆ ಕಳಿಸಿದ್ದೂ ಗಿಡ್ಡಮ್ಮನೇ ಅಂತೆ. ರಮಾ ತಲೆ ತಗ್ಗಿಸಿ ಕೇಳ್ತಾ ಇದ್ಲು. ಆಮೇಲೆ, "ಈ ವಿಷಯ ಕಮಿಟಿಗೆ ಬರೋದು ಬೇಡ ಸಾರ್" ಅಂದ್ಲು. ಅಬ್ಬಾ, ನಂಗೆ ಹೋದ ಜೀವ ಬಂದಂಗಾಯ್ತು.

"ನಿಮಗೆ ಯಾವಾಗಿಂದ ಗೊತ್ತು ಮೇಷ್ಟ್ರೇ?" ಅಂತ ಕೇಳ್ದೆ.

ಅವರು ಹೇಳ್ಲಿಲ್ಲ. ನಾಚ್ಕಂಡಂಗೆ ನಕ್ಕು, ಮೂಗಿನ ಕೆಳಗೆ, ಮೀಸೆ ಇದ್ದ ಜಾಗಾನ ಬೆರಳಲ್ಲಿ ಉಜ್ಜಿದ್ರು.

ಮೀಸೆ ಗಂಡಸ್ರದ್ದು ಸಿಗಲ್ಲ ಅಂದಿದ್ಲಲ್ಲ ಗಿಡ್ಡಮ್ಮ. ಸಾಲಲ್ಲಿ ನಿಲ್ಲಿಸಿ ಎಲ್ಲರ ಮುಂದೆ ಆಲೂಗಡ್ಡೆ ಅಂದಿದ್ದೆ ನಾನು ಆ ಪುಣ್ಯಾತ್ಮನ್ನ. ಎದ್ದು ಕೈ ಮುಗಿದೆ. "ನಮಗೆಲ್ಲ ಗೊತ್ತು ಅಂತ ಗಿಡ್ಡಮ್ಮನೋರಿಗೆ ಮಾತ್ರ ಗೊತ್ತಾಗೋದು ಬೇಡ ಜಾನಕಮ್ಮನೋರೆ. ಅವರ ಗುಟ್ಟು ಅವರ ಹತ್ರಾನೇ ಇರ್ಲಿ" ಅಂದ್ರು.

ಹೊರಗೆ ಬರೋವಾಗ ಅಡುಗೆಮನೆ ಕಿಟಕೀಲಿ ನೋಡಿದ್ವಿ. ಒಲೆ ಹತ್ರ ಇನ್ನೊಬ್ಬ ಅಡುಗೆಯಮ್ಮ ನಿಂತಿದ್ರೂ ಗಿಡ್ಡಮ್ಮ ಸೊಪ್ಪು ಬಿಡಿಸ್ತಾ, ಕುಕ್ಕರ್ ಕಡೆ ಒಂದು ಕಣ್ಣಿಟ್ಟಿದ್ಲು. ರಮಾ ಒಳಗೆ ಹೋಗಿ ಅವಳ ಸೆರಗು ಎಳೆದ್ಲು. ಗಿಡ್ಡಮ್ಮ ತಿರುಗಿ, "ಏನವ್ವಾ ರಮಾ, ಇಲ್ಲಿಗೆ ಬಂದೆ?" ಅಂದ್ಲು. ರಮಾ ಮುಂದೆ ನಿಂತ್ಕಂಡು ನಿಧಾನಕ್ಕೆ, "ಸುಮ್ನೆ ಬಂದೆ ಅಕ್ಕ. ಸೊಪ್ಪು ಎಳೇದೈತೆ" ಅಂದ್ಲು.

ಮಂಗಳವಾರ ಬೆಳಗ್ಗೆ ಹಾಲಿಲ್ದೆ ಮತ್ತೆ ಡೈರಿಗೆ ಹೋದೆ. ಮೋಹನ್‌ಕುಮಾರ್ ಮೇಷ್ಟ್ರೂ ಅರ್ಧ ಲೀಟರ್ ಹಾಲಿಗೆ ನಿಂತಿದ್ರು. ರಮಾ ನನ್ನ ಪಕ್ಕ ಕೂತಿದ್ಲು. ಗಿಡ್ಡಮ್ಮ ಎಲ್ಲರ ಮುಂದೆ ನಿಂತು, ಸೆರಗು ಸೊಂಟಕ್ಕೆ ಸಿಗಿಸಿ, ವಸುಧಾ ಗೆದ್ದ ಕಥೆ ಹೇಳ್ತಾ ಇದ್ಲು. "ಎರಡು ವರ್ಷ ಕಣ್ರೇ! ಒಂದೇ ಮನೇಲಿ ಇದ್ಕಂಡು, ಒಂದೇ ತಟ್ಟೇಲಿ ಉಂಡ್ಕಂಡು, ಒಬ್ಬರಿಗಾದ್ರೂ ಅನುಮಾನ ಬಂತಾ? ಎಂಥಾ ಪೆದ್ದು ಜನ ಅಂತೀನಿ!"

ಹೇಳಿ ನನ್ನ ಕಡೆ ನೋಡಿದ್ಲು. ಹುಬ್ಬು ಒಂದು ಚೂರು ಮೇಲೆ ಹೋಯ್ತು. ಅದು ನಮ್ಮಿಬ್ಬರದ್ದೇ ಪ್ರಶ್ನೆ ಅಂತ ಅವಳು ಅಂದ್ಕಂಡಿದ್ಲು. ಮೇಷ್ಟ್ರು ಹಾಲಿನ ಪಾತ್ರೆ ಒಳಗೆ ನೋಡ್ತಾ ನಿಂತ್ರು. ರಮಾ ನನ್ನ ಕೈ ಗಟ್ಟಿಯಾಗಿ ಹಿಡ್ಕಂಡ್ಲು.

ನಾನು ಅವಳಿಗೆ ಕಾಣೋ ಹಂಗೆ ಮಖ ಎತ್ತಿ, ಒಂದೊಂದೇ ಮಾತು ಬಿಡಿಸಿ ಹೇಳ್ದೆ. "ಇಲ್ಲ ಕಣೇ ಗಿಡ್ಡಮ್ಮ. ಯಾರಿಗೂ ಗೊತ್ತಿಲ್ಲ."